ಟಲೂನ್ ಹಡಗಿನಿಂದ ಇಳಿದ ಜ್ವರ: 1918ರ ಸಮೋವಾ ಕುರಿತು ಒಂದು ಚರ್ಚೆ

ಮಾಂಗೆರೆ ವಾಸಿ

ಆಕ್ಲೆಂಡಿನ ದಕ್ಷಿಣಕ್ಕಿರುವ ಮಾಂಗೆರೆಯಲ್ಲಿ ಹನ್ನೊಂದು ವರ್ಷಗಳಿಂದ ಇದ್ದೇನೆ. ನಮ್ಮ ಬೀದಿಯಲ್ಲಿ ಕನ್ನಡದವರದು ನಮ್ಮದೊಂದೇ ಮನೆ. ಎಡಕ್ಕೆ ಟೋಂಗಾದವರು, ಬಲಕ್ಕೆ ಸಮೋವಾದವರು, ಇಬ್ಬರೂ ಪೆಸಿಫಿಕ್ ಸಾಗರದ ದ್ವೀಪಗಳವರು. ವೃದ್ಧರ ಆರೈಕೆ ಕೇಂದ್ರವೊಂದರಲ್ಲಿ ನನಗೆ ರಾತ್ರಿ ಪಾಳಿ. ಜತೆಯಲ್ಲಿ ಪಾಳಿ ಮಾಡುವ ಸಮೋವಾದ ಹಿರಿಯಳೊಬ್ಬಳನ್ನು ನಾನು ಅಕ್ಕ ಎಂದೇ ಕರೆಯುತ್ತೇನೆ. ಆ ಮಾತಿನ ಅರ್ಥ ಅವಳಿಗೂ ಈಗ ಗೊತ್ತು.

ಅವರ ಕಡೆ ಸತ್ತವರನ್ನು ಮನೆಯ ಅಂಗಳದಲ್ಲೇ ಹೂಳುತ್ತಾರೆ. ಸಮಾಧಿಯ ಕಟ್ಟೆಯ ಮೇಲೆ ಮಕ್ಕಳು ಆಡುತ್ತಾರೆ, ಬಟ್ಟೆ ಒಣಹಾಕುತ್ತಾರೆ. ಕಳೆದ ವಾರ ಚಹಾ ಕುಡಿಯುತ್ತಾ ಅಕ್ಕ ತನ್ನ ಊರಿನ ಮನೆಯ ಫೋಟೋ ತೋರಿಸಿದಳು. ಅಂಗಳದಲ್ಲಿ ಸುಣ್ಣ ಬಳಿದ ಕಟ್ಟೆಗಳು. ಇದು ಅಜ್ಜಿ, ಇದು ಅಜ್ಜ, ಇದು ಮುತ್ತಜ್ಜಿ ಎಂದು ಬೆರಳಿಟ್ಟು ಹೇಳುತ್ತಾ ಬಂದಳು. ‘ಮುತ್ತಜ್ಜ ಎಲ್ಲಿ?’ ಎಂದೆ. ‘ಅವನು ವಾಯಿಮೊಸೊದ ಕಂದಕದಲ್ಲಿದ್ದಾನೆ, ಎಲ್ಲರ ಜತೆ’ ಎಂದಳು. ಅಷ್ಟು ಹೇಳಿ ಫೋನನ್ನು ಜೇಬಿಗೆ ಹಾಕಿಕೊಂಡಳು.

ಆಮೇಲೆ ನಾನು ಓದಿಕೊಂಡದ್ದನ್ನು ಇಲ್ಲಿ ಹಂಚಿಕೊಳ್ಳುತ್ತಿದ್ದೇನೆ. 1918ರಲ್ಲಿ ಪಶ್ಚಿಮ ಸಮೋವಾ (ಈಗಿನ ಸ್ವತಂತ್ರ ಸಮೋವಾ) ನ್ಯೂಜಿಲೆಂಡ್ ಸೇನೆಯ ಆಡಳಿತದಲ್ಲಿತ್ತು. ಮೊದಲ ಮಹಾಯುದ್ಧ ಶುರುವಾದ ಕೆಲವೇ ವಾರಗಳಲ್ಲಿ, 1914ರ ಆಗಸ್ಟಿನಲ್ಲಿ, ಜರ್ಮನರಿಂದ ಅದನ್ನು ವಶಪಡಿಸಿಕೊಂಡಿದ್ದರು. ಕರ್ನಲ್ ರಾಬರ್ಟ್ ಲೋಗನ್ ಎಂಬಾತ ಆಡಳಿತಾಧಿಕಾರಿ. 1918ರ ಅಕ್ಟೋಬರ್ 30ರಂದು ಟಲೂನ್ ಎಂಬ ಹಡಗು ಆಕ್ಲೆಂಡ್ ಬಿಟ್ಟಿತು. ಆಗ ಆಕ್ಲೆಂಡಿನಲ್ಲಿ ಇನ್‌ಫ್ಲುಯೆಂಜಾ ಹರಡುತ್ತಿತ್ತು, ಆದರೆ ಅದು ಸರ್ಕಾರಕ್ಕೆ ವರದಿ ಮಾಡಲೇಬೇಕಾದ ರೋಗಗಳ ಪಟ್ಟಿಯಲ್ಲಿರಲಿಲ್ಲ. ಹೀಗಾಗಿ ಹಡಗಿಗೆ ‘ರೋಗವಿಲ್ಲ’ ಎಂಬ ಕಾಗದ ಸಿಕ್ಕಿತು. ದಾರಿಯಲ್ಲಿ ಫಿಜಿಯ ಸುವಾದಲ್ಲಿ ಅದನ್ನು ದಿಗ್ಬಂಧನದಲ್ಲಿ (ಕ್ವಾರಂಟೈನ್) ಇಟ್ಟರು. ನವೆಂಬರ್ 7ರಂದು ಸಮೋವಾದ ಅಪಿಯಾ ಬಂದರಿಗೆ ಬಂದಾಗ ಕ್ಯಾಪ್ಟನ್ ಆ ಸಂಗತಿಯನ್ನು ಬಾಯಿ ಬಿಡಲಿಲ್ಲ. ಕಾಯಿಲೆ ಬಿದ್ದ ಪ್ರಯಾಣಿಕರು ಹಲಗೆ ದಾಟಿ ದಡಕ್ಕಿಳಿದರು, ಅವರವರ ಊರು ಸೇರಿದರು.

ಎರಡು ತಿಂಗಳೊಳಗೆ ಸುಮಾರು 8,500 ಜನ ಸತ್ತರು. ಇಡೀ ದೇಶದ ಜನಸಂಖ್ಯೆ 38,000ದಷ್ಟು. ನೂರಕ್ಕೆ ಇಪ್ಪತ್ತೆರಡು. ಜಗತ್ತನ್ನೆಲ್ಲ ಕಾಡಿದ ಆ ಮಹಾಮಾರಿಯಲ್ಲಿ ಇಷ್ಟು ದೊಡ್ಡ ಪಾಲನ್ನು ಕಳೆದುಕೊಂಡ ದೇಶ ಇನ್ನೊಂದಿಲ್ಲ ಎನ್ನುತ್ತಾರೆ.

ನನ್ನ ಪ್ರಶ್ನೆ ಇಷ್ಟೇ. ಇದನ್ನು ಜ್ವರ ಮಾಡಿತು ಎನ್ನಬೇಕೇ, ಕಚೇರಿ ಮಾಡಿತು ಎನ್ನಬೇಕೇ?

ಪ್ರಶ್ನಾರ್ಥಕ

ಒಳ್ಳೆಯ ಬರಹ. ಆದರೆ ಪ್ರಶ್ನೆಯಲ್ಲೇ ಉತ್ತರ ಹೊಲಿದಿಟ್ಟಿದ್ದೀರಿ ಮೇಡಂ. ನೂರು ವರ್ಷ ಕಳೆದ ಮೇಲೆ ಒಬ್ಬ ಕರ್ನಲ್‌ನನ್ನು ಕಟಕಟೆಯಲ್ಲಿ ನಿಲ್ಲಿಸುವುದು ಸುಲಭ. ಆ ಜ್ವರಕ್ಕೆ ಕಾರಣ ಒಂದು ವೈರಸ್ ಎಂಬುದು ಇನ್ನೂ ಖಚಿತವಾಗಿ ತಿಳಿಯದ ಕಾಲ ಅದು. ನ್ಯೂಜಿಲೆಂಡಿನಲ್ಲೇ ಆಗ ಸುಮಾರು ಒಂಬತ್ತು ಸಾವಿರ ಜನ ಸತ್ತರು, ಮಾವೋರಿಗಳಂತೂ ಬಿಳಿಯರ ಹಲವು ಪಟ್ಟು. ತನ್ನ ಮನೆಗೇ ಬೆಂಕಿ ಬಿದ್ದವನು ಪಕ್ಕದ ಮನೆಗೆ ನೀರು ಹೊರಲಿಲ್ಲ ಎಂದು ದೂರಿದರೆ ಹೇಗೆ? ದ್ವೀಪದ ಜನಕ್ಕೆ ಹೊರಗಿನ ರೋಗಗಳ ಒಗ್ಗಿಕೆ ಇರಲಿಲ್ಲ, ಬಂತು, ಹೋದರು. ದುರಂತ ಹೌದು. ಅಪರಾಧ ಎನ್ನಲು ಇನ್ನಷ್ಟು ಸಾಕ್ಷಿ ಬೇಕು.

ಮಾಂಗೆರೆ ವಾಸಿ

ಸಾಕ್ಷಿ ಪಕ್ಕದಲ್ಲೇ ಇದೆ ಸರ್. ಅಪಿಯಾ ಇರುವ ಉಪೋಲು ದ್ವೀಪದಿಂದ ಪೂರ್ವಕ್ಕೆ ಅರವತ್ತು ಎಪ್ಪತ್ತು ಕಿಲೋಮೀಟರ್ ನೀರು ದಾಟಿದರೆ ಟುಟುಯಿಲಾ, ಅಂದರೆ ಅಮೆರಿಕನ್ ಸಮೋವಾ. ಬೆಂಗಳೂರಿನಿಂದ ತುಮಕೂರಿಗೆ ಹೋದಷ್ಟು ದೂರ. ಅದೇ ಜನ, ಅದೇ ಭಾಷೆ, ಅಣ್ಣ ಇಲ್ಲಿದ್ದರೆ ತಂಗಿ ಅಲ್ಲಿ. ಅಲ್ಲಿ ಸತ್ತವರು ಎಷ್ಟು? ಒಬ್ಬರೂ ಇಲ್ಲ.

ಅಲ್ಲಿನ ಗವರ್ನರ್ ಜಾನ್ ಪಾಯರ್, ಅಮೆರಿಕದ ನೌಕಾಪಡೆಯವನು. ರೇಡಿಯೋ ಸುದ್ದಿಯಲ್ಲಿ ಕಾಯಿಲೆಯ ವಿಷಯ ತಿಳಿದು ಬಂದರು ಬಂದ್ ಮಾಡಿಸಿದ. ಆದರೆ ಬಂದರು ಮುಚ್ಚಿದರೆ ಸಾಲದು. ಅಲ್ಲಿ ದೋಣಿ ಎಲ್ಲಿ ಬೇಕಾದರೂ ದಡ ಹತ್ತುತ್ತದೆ, ನೆಂಟರ ಮನೆಗೆ ಹೋಗುವವರು ಬಂದರಿನ ಬಾಗಿಲು ಬಡಿಯುವುದಿಲ್ಲ. ಹಳ್ಳಿಹಳ್ಳಿಯ ಮುಖಂಡರು, ಅವರ ಮಾತಿನಲ್ಲಿ ‘ಮತಾಯಿ’ಗಳು, ತಮ್ಮ ತಮ್ಮ ಕಡಲತೀರಕ್ಕೆ ತಾವೇ ಕಾವಲು ಹಾಕಿದರು. ಪಶ್ಚಿಮದಿಂದ ಬಂದ ದೋಣಿಗಳನ್ನು ಹಿಂದಕ್ಕೆ ಕಳಿಸಿದರು. ಅದರಲ್ಲಿ ಸ್ವಂತ ನೆಂಟರೂ ಇದ್ದಿರಲೇಬೇಕು. ಪಾಯರ್‌ಗೆ ಪದಕ ಬಂತು, ಇತಿಹಾಸದಲ್ಲಿ ಹೆಸರೂ ಬಂತು. ದಡದಲ್ಲಿ ನಿದ್ದೆಗೆಟ್ಟವರ ಹೆಸರು ಎಲ್ಲೂ ಇಲ್ಲ.

ವೈರಸ್ ಗೊತ್ತಿಲ್ಲದಿದ್ದರೂ ಬಾಗಿಲು ಹಾಕುವುದು ಗೊತ್ತಿತ್ತು. ಆಸ್ಟ್ರೇಲಿಯಾವೂ ಅದೇ ಅಕ್ಟೋಬರ್‌ನಲ್ಲಿ ಹಡಗುಗಳನ್ನು ದಿಗ್ಬಂಧನದಲ್ಲಿ ಇಡತೊಡಗಿತ್ತು.

ನಿವೃತ್ತ ಮೇಷ್ಟ್ರು

ಧಾರವಾಡ ಕಡೆಯವನು ನಾನು. 1918ರ ಜ್ವರ ನಮ್ಮನ್ನೂ ಬಿಡಲಿಲ್ಲ. ಮುಂಬಯಿ ಬಂದರಿಗೆ ಹಡಗಿನಲ್ಲಿ ಬಂದು, ರೈಲು ಹತ್ತಿ ಒಳನಾಡಿಗೆ ಬಂತು. ಆದರೆ ನಮ್ಮ ಅಜ್ಜಿ ಹೆಚ್ಚು ಹೇಳುತ್ತಿದ್ದುದು ಅದಕ್ಕೂ ಹಿಂದಿನ ಪ್ಲೇಗಿನ ಕಥೆ. ಮನೆಯಲ್ಲಿ ಇಲಿ ಬಿದ್ದರೆ ಸಾಕು, ಊರಿಗೆ ಊರೇ ಹೊರಟು ಹೊಲದಲ್ಲಿ ಗುಡಿಸಲು ಹಾಕಿಕೊಳ್ಳುತ್ತಿತ್ತಂತೆ. ತಿಂಗಳುಗಟ್ಟಲೆ ಅಲ್ಲೇ ಅಡುಗೆ, ಅಲ್ಲೇ ಬಾಣಂತನ. ನಮ್ಮ ತಂದೆಯ ಸೋದರತ್ತೆ ಅಂಥ ಗುಡಿಸಲಿನಲ್ಲೇ ಹುಟ್ಟಿದವರು. ಅವರಿಗೆ ಇಟ್ಟ ಹೆಸರು ಬೇರೆ, ಜನ ಕರೆದದ್ದು ‘ಗುಡಿಸಲವ್ವ’ ಎಂದು.

ನಮಗೆ ಊರು ಬಿಡಲು ಹೊಲವಿತ್ತು. ದ್ವೀಪದವರು ಎಲ್ಲಿಗೆ ಹೋಗಬೇಕು?

ಒಂದು ಸಂದೇಹ. ನಮ್ಮಲ್ಲೂ ಆ ಜ್ವರ ಭೀಕರವಾಗಿತ್ತು, ಆದರೆ ನೂರಕ್ಕೆ ಐದು ಆರು ಸತ್ತರೇ ಜನ ಪ್ರಳಯ ಎನ್ನುತ್ತಿದ್ದರು. ಇಪ್ಪತ್ತೆರಡು ಎಂದರೆ ಬರೀ ಜ್ವರದಿಂದಲೇ ಆದದ್ದೇ? ಬೇರೇನೋ ಇರಬೇಕಲ್ಲ.

ಮಾಂಗೆರೆ ವಾಸಿ

ಇದೆ ಮೇಷ್ಟ್ರೇ. ನಾನು ಆರೈಕೆಯ ಕೆಲಸದವಳಾದ್ದರಿಂದ ನನಗೆ ಎಲ್ಲಕ್ಕಿಂತ ಹೆಚ್ಚು ಕಾಡುವುದೂ ಇದೇ.

ಸಮೋವಾದ ಸಾಂಪ್ರದಾಯಿಕ ಮನೆಗೆ ‘ಫಾಲೆ’ ಎನ್ನುತ್ತಾರೆ. ಸುತ್ತ ಕಂಬಗಳು, ಮೇಲೆ ಹುಲ್ಲಿನ ಗುಮ್ಮಟ, ಗೋಡೆಯೇ ಇಲ್ಲ. ನೆಲಕ್ಕೆ ಚಾಪೆ. ದೊಡ್ಡ ಕುಟುಂಬ ಒಟ್ಟಿಗೆ ಮಲಗುತ್ತದೆ, ಕಾಯಿಲೆಯವರನ್ನು ನೋಡಲು ಊರೆಲ್ಲ ಬಂದು ಸುತ್ತ ಕೂರುತ್ತದೆ. ಹಾಗೆ ಬಂದು ಕೂರದಿದ್ದರೆ ಅದು ಅಗೌರವ. ಒಂದು ವಾರದಲ್ಲಿ ಉಪೋಲುವಿನ ಉದ್ದಗಲಕ್ಕೂ ಹಬ್ಬಿತು, ಆಮೇಲೆ ಸವಾಯಿ ದ್ವೀಪಕ್ಕೂ ದಾಟಿತು. ಮನೆಯಲ್ಲಿ ಒಬ್ಬೊಬ್ಬರೇ ಮಲಗಿದ್ದರೆ ಉಳಿದವರು ಗಂಜಿ ಕಾಯಿಸಿ ಕೊಡುತ್ತಿದ್ದರು. ಎಲ್ಲರೂ ಒಂದೇ ವಾರದಲ್ಲಿ ಮಲಗಿದರು. ತೋಟದಲ್ಲಿ ಟಾರೋ ಗೆಡ್ಡೆ ಇದೆ, ಅಗೆಯುವವರಿಲ್ಲ. ಮರದಲ್ಲಿ ಹಲಸು ಜಾತಿಯ ಬ್ರೆಡ್‌ಫ್ರೂಟ್ ಇದೆ, ಹತ್ತುವವರಿಲ್ಲ. ನೀರು ತರುವವರಿಲ್ಲ. ಜ್ವರ ಬಿಟ್ಟವರು ಹಸಿವು ನೀರಡಿಕೆಯಿಂದ ಸತ್ತರು. ನಮ್ಮ ಕೇಂದ್ರದಲ್ಲಿ ಒಂದು ರಾತ್ರಿ ಇಬ್ಬರು ರಜೆ ಹಾಕಿದರೆ ನೀರು ಕುಡಿಸುವ ಸುತ್ತು ತಪ್ಪುತ್ತದೆ. ಬಾಯಿ ಒಣಗಿದ ಮುದುಕರ ತುಟಿಗೆ ಒದ್ದೆ ಬಟ್ಟೆ ತಾಗಿಸಿದಾಗ ಅವರು ಅದನ್ನು ಚೀಪುವ ರೀತಿ ನೋಡಿದವರಿಗೆ ಇದು ಅರ್ಥವಾಗುತ್ತದೆ.

ಅದಕ್ಕೇ ಹೇಳಿದ್ದು, ಬೇಕಾದದ್ದು ದೊಡ್ಡ ಔಷಧವಲ್ಲ. ನೀರು, ಗಂಜಿ, ಹೊದಿಕೆ, ಕೊಡುವ ಕೈ. ಪಾಯರ್ ತಂತಿ ಕಳಿಸಿ, ನಮ್ಮಿಂದ ಏನಾದರೂ ಸಹಾಯ ಬೇಕೇ ಎಂದು ಕೇಳಿದ. ಲೋಗನ್ ಉತ್ತರಿಸಲಿಲ್ಲ. ಅಪಿಯಾದಿಂದ ಹೋದ ಟಪಾಲು ದೋಣಿಯನ್ನು ಟುಟುಯಿಲಾದಲ್ಲಿ ದಿಗ್ಬಂಧನದ ನಿಯಮಕ್ಕೆ ಒಳಪಡಿಸಿದ್ದಕ್ಕೆ ಸಿಟ್ಟಾಗಿ ಅವರೊಂದಿಗೆ ರೇಡಿಯೋ ಸಂಪರ್ಕವನ್ನೇ ಕಡಿಸಿದ. ಪಾಪಾಉಟಾ ಎಂಬಲ್ಲಿ ಹುಡುಗಿಯರ ಶಾಲೆಯಿತ್ತು. ಕಾಯಿಲೆ ಬಿದ್ದ ಮಕ್ಕಳಿಗೆ ಊಟ ಬೇಕೆಂದು ಅಲ್ಲಿಯ ಮುಖ್ಯಸ್ಥೆ ಕೇಳಿದಾಗ ಆತ ಬೈದು ಕಳಿಸಿದ ಎಂಬುದು ಆಮೇಲಿನ ವಿಚಾರಣೆಯಲ್ಲಿ ದಾಖಲಾಗಿದೆ. ಆ ಬೈಗುಳವನ್ನು ಇಲ್ಲಿ ಬರೆಯಲು ಮನಸ್ಸಿಲ್ಲ.

ಹೆಣಗಳನ್ನು ಮಲಗಿದ್ದ ಚಾಪೆಯಲ್ಲೇ ಸುತ್ತಿ, ಲಾರಿಯಲ್ಲಿ ಹೇರಿ ವಾಯಿಮೊಸೊದ ಕಂದಕಕ್ಕೆ ಒಯ್ದರು. ಅಕ್ಕನ ಮುತ್ತಜ್ಜ ಹೋದದ್ದು ಹಾಗೆ.

ಸಮುದ್ರ ಕಾಗೆ

ಟಲೂನ್ ಅಲ್ಲಿಗೇ ನಿಲ್ಲಲಿಲ್ಲ ಎಂಬುದನ್ನೂ ಸೇರಿಸುತ್ತೇನೆ. ಸಮೋವಾದಿಂದ ಟೋಂಗಾಕ್ಕೆ ಹೋಯಿತು. ಫಿಜಿಯಲ್ಲಿ ನೂರಕ್ಕೆ ಐದರಷ್ಟು ಜನ ತೀರಿಕೊಂಡರು. ಅವರಲ್ಲಿ ಕಬ್ಬಿನ ಗದ್ದೆಗಳ ಭಾರತೀಯ ಕೂಲಿಗಳೂ ಇದ್ದರು, 1903ರಿಂದ ಈಚೆಗೆ ಮದರಾಸಿನಿಂದ ಹಡಗು ಹತ್ತಿಸಿದ ನಮ್ಮ ದಕ್ಷಿಣದವರೂ ಇದ್ದರು.

ಆ ಕೂಲಿಗಳು ಫಿಜಿಗೆ ಹೋದದ್ದರ ಹಿಂದೆಯೂ ಒಂದು ರೋಗವಿದೆ, ಹೆಚ್ಚಿನವರಿಗೆ ಗೊತ್ತಿಲ್ಲ. 1874ರಲ್ಲಿ ಫಿಜಿ ಬ್ರಿಟಿಷರ ಕೈಗೆ ಬಂತು. ಅಲ್ಲಿನ ದೊರೆ ತಾಕೊಂಬಾವನ್ನು ಸಿಡ್ನಿಗೆ ಭೇಟಿಗೆಂದು ಕರೆದೊಯ್ದರು. 1875ರ ಜನವರಿಯಲ್ಲಿ ವಾಪಸು ಬರುವಾಗ ಹಡಗಿನಲ್ಲಿ ದಡಾರ ಬಂತು. ದಿಗ್ಬಂಧನ ಹಾಕಲಿಲ್ಲ. ದೊರೆಯನ್ನು ಕಾಣಲು ಎಲ್ಲ ದ್ವೀಪಗಳಿಂದ ಮುಖಂಡರು ಬಂದಿದ್ದರು, ಅವರೇ ಅದನ್ನು ಮನೆಮನೆಗೆ ಒಯ್ದರು. ಸುಮಾರು ನಲವತ್ತು ಸಾವಿರ ಸಾವು. ಕುಗ್ಗಿಹೋದ ಆ ಜನರನ್ನು ತೋಟದ ದುಡಿಮೆಗೆ ಎಳೆಯಬಾರದು ಎಂಬ ನಿಲುವು ತಳೆದ ಗವರ್ನರ್ ಆರ್ಥರ್ ಗಾರ್ಡನ್, ಕೂಲಿಗಳನ್ನು ಭಾರತದಿಂದ ತರಿಸಿದ. 1879ರ ಮೇ ತಿಂಗಳಲ್ಲಿ ಬಂದ ಮೊದಲ ಹಡಗು ಲಿಯೋನಿದಾಸ್. ಅದರಲ್ಲಿ ಕಾಲರಾ, ಸಿಡುಬು. ಈ ಸಲ ಮಾತ್ರ ಮರೆಯದೆ ದಿಗ್ಬಂಧನ ಹಾಕಿ ಒಂದು ಪುಟ್ಟ ದ್ವೀಪದಲ್ಲಿ ಕೂಡಿಹಾಕಿದರು. ದೊರೆಗೆ ಇಲ್ಲದ ದಿಗ್ಬಂಧನ ಕೂಲಿಗೆ ಇತ್ತು. ಕಹಿಯೇನೆಂದರೆ, ಅದು ಸರಿಯಾದ ಕ್ರಮವೇ ಆಗಿತ್ತು.

ಪ್ರಶ್ನಾರ್ಥಕ

ಲೋಗನ್ ವಿಷಯದಲ್ಲಿ ನಾನು ಅರ್ಧ ಸೋತೆ ಎಂದು ಒಪ್ಪುತ್ತೇನೆ. ರೇಡಿಯೋ ಸಂಪರ್ಕ ಕಡಿಸಿದ್ದಕ್ಕೆ ಯಾವ ಸಮರ್ಥನೆಯೂ ನನ್ನಲ್ಲಿಲ್ಲ. ನನ್ನ ತಕರಾರು ಬೇರೆ ಕಡೆ ಇದೆ. ‘ಬಾಗಿಲು ಹಾಕಿದರೆ ಆಯಿತು’ ಎಂಬ ಪಾಠವನ್ನು ಇಲ್ಲಿಂದ ತೆಗೆದುಕೊಂಡು ಕೋವಿಡ್‌ನಲ್ಲಿ ಆ ದ್ವೀಪಗಳು ಎರಡು ವರ್ಷಕ್ಕೂ ಹೆಚ್ಚು ಕಾಲ ಬಾಗಿಲು ಹಾಕಿಕೊಂಡವು. ಪ್ರವಾಸಿಗಳಿಂದಲೇ ಬದುಕುವ ಊರುಗಳು. ಹೋಟೆಲಿನ ಅಡುಗೆಯವರು, ಟ್ಯಾಕ್ಸಿಯವರು ಏನು ತಿಂದರು? ಹೊರದೇಶದಲ್ಲಿ ಸಿಕ್ಕಿಕೊಂಡವರ ಗತಿ ಏನು? ನಾನು ಆಗ ಕೊಲ್ಲಿಯ ದೇಶವೊಂದರಲ್ಲಿದ್ದೆ. ಅಪ್ಪನ ಉತ್ತರಕ್ರಿಯೆಯನ್ನು ಮೊಬೈಲಿನಲ್ಲಿ ನೋಡಿದವನು ನಾನು. ಪುರೋಹಿತರು ‘ಕ್ಯಾಮರಾ ಸ್ವಲ್ಪ ಎಡಕ್ಕೆ’ ಎಂದು ನಮ್ಮ ತಮ್ಮನಿಗೆ ಹೇಳುತ್ತಿದ್ದುದು ಇವತ್ತಿಗೂ ಕಿವಿಯಲ್ಲಿದೆ. ಮುಚ್ಚಿದ ಬಾಗಿಲಿನ ಹೊರಗೆ ನಿಂತವರ ಲೆಕ್ಕವನ್ನು ಯಾರೂ ಬರೆಯುವುದಿಲ್ಲ.

ಮಾಂಗೆರೆ ವಾಸಿ

ಆ ಮಾತಿಗೆ ನನ್ನಲ್ಲಿ ಎದುರುತ್ತರವಿಲ್ಲ ಸರ್. ಸಮೋವಾ 2020ರ ಮಾರ್ಚ್‌ನಲ್ಲಿ ಗಡಿ ಮುಚ್ಚಿದ್ದು, 2022ರ ಆಗಸ್ಟಿನಲ್ಲಿ ತೆರೆದದ್ದು. ಇಲ್ಲಿನ ಸೇಬಿನ ತೋಟ, ದ್ರಾಕ್ಷಿ ತೋಟಗಳಿಗೆ ಹಂಗಾಮಿನ ಕೆಲಸಕ್ಕೆ ಬಂದ ಸಮೋವಾದ ಹುಡುಗರು ಊರಿಗೆ ಹೋಗಲಾರದೆ ತಿಂಗಳುಗಟ್ಟಲೆ ಇಲ್ಲೇ ಉಳಿದರು. ಇಲ್ಲಿಂದ ಕಳಿಸುವ ಹಣದ ಮೇಲೆ ಅಲ್ಲಿ ಮನೆಗಳು ನಡೆದವು. ಅಕ್ಕ ಎರಡು ಪಾಳಿ ಮಾಡುತ್ತಿದ್ದಳು, ಒಂದು ತನಗೆ, ಇನ್ನೊಂದು ಊರಿಗೆ.

ಆದರೆ 2022ರ ಮಾರ್ಚ್‌ನಲ್ಲಿ ಕಾಯಿಲೆ ಊರೊಳಗೆ ಬಂದಾಗ ವಯಸ್ಕರಲ್ಲಿ ಬಹುಪಾಲು ಜನರಿಗೆ ಲಸಿಕೆ ಆಗಿತ್ತು. ಎರಡು ಲಕ್ಷ ಜನರ ದೇಶದಲ್ಲಿ ಮೃತಪಟ್ಟವರು ಮೂವತ್ತರ ಆಸುಪಾಸು. ಬಾಗಿಲು ಹಾಕಿ ಗಳಿಸಿದ ಸಮಯವನ್ನು ಲಸಿಕೆಗೆ ಬಳಸಿದರು. ಬಾಗಿಲು ಹಾಕಿ ಸುಮ್ಮನೆ ಕೂತಿದ್ದರೆ ನಿಮ್ಮ ಮಾತು ಪೂರ್ತಿ ಸರಿಯಾಗುತ್ತಿತ್ತು. ಅವರಿಗೆ ಆ ಎಚ್ಚರ 1918ರಿಂದಷ್ಟೇ ಬಂದದ್ದಲ್ಲ, 2019ರಿಂದಲೂ ಬಂದದ್ದು.

ಲಸಿಕೆ ಅಕ್ಕ

2019ರ ವಿಷಯ ಬಂದದ್ದಕ್ಕೆ ನಾನೂ ಬರೆಯುತ್ತೇನೆ. ಕಿರಿಯ ಆರೋಗ್ಯ ಸಹಾಯಕಿಯಾಗಿ ಉಪಕೇಂದ್ರದಲ್ಲಿ ಇಪ್ಪತ್ತಾರು ವರ್ಷ ಕೆಲಸ ಮಾಡಿದ್ದೇನೆ.

ದಡಾರದ ಲಸಿಕೆ ಸೀಸೆಯಲ್ಲಿ ಪುಡಿಯಾಗಿ ಬರುತ್ತದೆ. ಅದರ ಜತೆಗೇ ಬರುವ ದ್ರಾವಕವನ್ನು ಸಿರಿಂಜಿನಲ್ಲಿ ಎಳೆದು ಸೀಸೆಗೆ ಬಿಟ್ಟು, ನಿಧಾನವಾಗಿ ತಿರುಗಿಸಿ, ಕಲಸಿದ ಗಂಟೆಯನ್ನು ಲೇಬಲ್ ಮೇಲೆ ಬರೆಯಬೇಕು. ಕಲಸಿ ನಾಲ್ಕು ತಾಸು ದಾಟಿದರೆ ಮಿಕ್ಕದ್ದನ್ನು ಬಳಸುವಂತಿಲ್ಲ. ಬೇರೆ ಯಾವ ದ್ರವವನ್ನೂ ಬೆರೆಸುವಂತಿಲ್ಲ. ನಮಗೆ ತರಬೇತಿಯಲ್ಲಿ ಇದನ್ನು ಎಷ್ಟು ಸಲ ಹೇಳಿದ್ದರೆಂದರೆ, ಕನಸಿನಲ್ಲೂ ಲೇಬಲ್ ಓದುತ್ತಿದ್ದೆ.

2018ರ ಜುಲೈನಲ್ಲಿ ಸಮೋವಾದ ಸವಾಯಿ ದ್ವೀಪದಲ್ಲಿ ದ್ರಾವಕದ ಬದಲು ಸ್ನಾಯು ಸಡಿಲಿಸುವ ಅರಿವಳಿಕೆ ಔಷಧ ಬೆರೆತುಹೋಯಿತು. ಎರಡು ಹಸುಗೂಸುಗಳು ನಿಮಿಷಗಳಲ್ಲಿ ಸತ್ತವು. ಇಬ್ಬರು ದಾದಿಯರು ಜೈಲಿಗೆ ಹೋದರು. ತಪ್ಪು ಕೈಯದು, ಲಸಿಕೆಯದಲ್ಲ. ಅದನ್ನು ತಾಯಂದಿರಿಗೆ ಮನದಟ್ಟು ಮಾಡುವುದು ಹೇಗೆ? ಸರ್ಕಾರ ತಿಂಗಳುಗಟ್ಟಲೆ ಲಸಿಕೆಯನ್ನೇ ನಿಲ್ಲಿಸಿತು, ಅಪಪ್ರಚಾರದವರು ಆ ಜಾಗ ತುಂಬಿದರು. ಲಸಿಕೆ ಪಡೆದ ಕೂಸುಗಳ ಪ್ರಮಾಣ ಮೂರರಲ್ಲಿ ಒಂದು ಪಾಲಿಗೆ ಕುಸಿಯಿತು. ಮರುವರ್ಷ ದಡಾರ ಬಂತು. 5,700ಕ್ಕೂ ಹೆಚ್ಚು ಜನರಿಗೆ ತಗುಲಿತು, 83 ಸಾವು. ಹೆಚ್ಚಿನವರು ಐದು ವರ್ಷದೊಳಗಿನ ಮಕ್ಕಳು.

ಆ ಡಿಸೆಂಬರ್ 5 ಮತ್ತು 6ರಂದು ಇಡೀ ದೇಶವನ್ನು ನಿಲ್ಲಿಸಿದರು. ಅಂಗಡಿ, ಕಚೇರಿ, ವಾಹನ ಎಲ್ಲ ಬಂದ್. ಲಸಿಕೆ ಆಗದವರು ಇರುವ ಮನೆಯ ಮುಂದೆ ಕೆಂಪು ಬಟ್ಟೆ ಕಟ್ಟಬೇಕು, ತಂಡ ಅಲ್ಲಿಗೇ ಹೋಗಿ ಚುಚ್ಚುತ್ತದೆ. ಆ ಚಿತ್ರ ನೋಡಿದಾಗ ನನಗೆ ಅಳು ಬಂತು. ನಮ್ಮಲ್ಲಿ ‘ಅಮ್ಮ’ ಬಂದ ಮನೆಗೆ ಬೇವಿನ ಸೊಪ್ಪು ಕಟ್ಟುತ್ತಾರೆ, ಒಳಗೆ ಬರಬೇಡಿ ಎಂದು. ಅವರು ಕೆಂಪು ಬಟ್ಟೆ ಕಟ್ಟಿದ್ದು ಒಳಗೆ ಬನ್ನಿ ಎಂದು. ನನ್ನ ಸೇವೆಯಲ್ಲಿ ನನ್ನನ್ನು ಕಂಡು ಹಿತ್ತಲ ಬಾಗಿಲಿನಿಂದ ಮಗುವನ್ನು ಎತ್ತಿಕೊಂಡು ಓಡಿದ ತಾಯಂದಿರೇ ಹೆಚ್ಚು.

ಸಮುದ್ರ ಕಾಗೆ

ಲಸಿಕೆ ಅಕ್ಕನವರಿಗೆ ನಮಸ್ಕಾರ. ಒಂದು ಸೇರ್ಪಡೆ: ಆ ವರ್ಷ ದಡಾರ ಜೋರಾಗಿದ್ದುದು ಆಕ್ಲೆಂಡಿನಲ್ಲಿ. ಸಮೋವಾಕ್ಕೆ ಹೋದದ್ದೂ ನ್ಯೂಜಿಲೆಂಡಿನಿಂದಲೇ. 1918ರಲ್ಲಿ ಹಡಗು, 2019ರಲ್ಲಿ ವಿಮಾನ. ಅಮೆರಿಕನ್ ಸಮೋವಾದಲ್ಲಿ ಈ ಸಲವೂ ದಡಾರದ ಸಾವಿಲ್ಲ, ಅಲ್ಲಿ ಮಕ್ಕಳಿಗೆ ಲಸಿಕೆ ತಪ್ಪಿರಲಿಲ್ಲ.

ನಿವೃತ್ತ ಮೇಷ್ಟ್ರು

ಮಾಂಗೆರೆಯ ತಂಗಿ, ಲೋಗನ್‌ಗೆ ಕೊನೆಗೆ ಏನಾಯಿತು? ನಮ್ಮ ಕಡೆ ಇಂಥವರಿಗೆ ಬಡ್ತಿ ಸಿಗುತ್ತಿತ್ತು.

ಮಾಂಗೆರೆ ವಾಸಿ

1919ರ ಜನವರಿಯಲ್ಲಿ ಊರಿಗೆ ಹೋದವನು ಮತ್ತೆ ಸಮೋವಾಕ್ಕೆ ಬರಲಿಲ್ಲ ಮೇಷ್ಟ್ರೇ. ಅದೇ ವರ್ಷ ವಿಚಾರಣಾ ಆಯೋಗ ಕೂತು, ಆಡಳಿತದ ತಪ್ಪುಗಳನ್ನು ಪಟ್ಟಿ ಮಾಡಿತು. ಶಿಕ್ಷೆ ಯಾರಿಗೂ ಇಲ್ಲ.

ಆದರೆ ಊರಿನ ಒಳಗೆ ನಡೆದದ್ದು ಬೇರೆ. ಆ ಜ್ವರ ವಯಸ್ಕ ಗಂಡಸರನ್ನೇ ಹೆಚ್ಚು ಕೊಂದಿತು, ನೂರಕ್ಕೆ ಮೂವತ್ತರಷ್ಟು. ಮುಖಂಡರ ಸಲಹಾ ಸಭೆಯ ಸದಸ್ಯರಲ್ಲಿ ಹೆಚ್ಚಿನವರು ಹೋದರು. ಅಲ್ಲಿ ವಂಶಾವಳಿ, ಜಮೀನಿನ ಹಕ್ಕು, ಬಿರುದಿನ ಹಕ್ಕು ಎಲ್ಲ ಇದ್ದದ್ದು ಹಿರಿಯರ ನಾಲಿಗೆಯಲ್ಲಿ. ಅವರೊಂದಿಗೆ ಕಡತವೇ ಸುಟ್ಟ ಹಾಗಾಯಿತು. ನಮ್ಮನ್ನು ನ್ಯೂಜಿಲೆಂಡಿನಿಂದ ಬಿಡಿಸಿ ಅಮೆರಿಕಕ್ಕಾದರೂ ಸೇರಿಸಿ ಎಂದು ಉಳಿದ ಮುಖಂಡರು ಮನವಿ ಕೊಟ್ಟರು. ತಾಯಿಯನ್ನು ಈ ಜ್ವರಕ್ಕೆ ಕಳೆದುಕೊಂಡ ವ್ಯಾಪಾರಿ ಓಲಾಫ್ ನೆಲ್ಸನ್ ಮುಂದೆ ‘ಮೌ’ ಚಳವಳಿಯ ನಾಯಕನಾದ. ನಮ್ಮ ಅಸಹಕಾರದಂಥದ್ದೇ ಚಳವಳಿ ಅದು. 1929ರ ಡಿಸೆಂಬರ್ 28ರಂದು ಅಪಿಯಾದಲ್ಲಿ ಶಾಂತ ಮೆರವಣಿಗೆಯ ಮೇಲೆ ನ್ಯೂಜಿಲೆಂಡ್ ಪೊಲೀಸರು ಗುಂಡು ಹಾರಿಸಿದರು, ತುಪುಆ ತಮಾಸೆಸೆ ಲೆಯಾಲೋಫಿ ಎಂಬ ಮುಖಂಡನೂ ಸೇರಿ ಹಲವರು ಬಿದ್ದರು. ಸ್ವಾತಂತ್ರ್ಯ ಬಂದದ್ದು 1962ರಲ್ಲಿ. ನ್ಯೂಜಿಲೆಂಡಿನ ಪ್ರಧಾನಿ ಹೆಲೆನ್ ಕ್ಲಾರ್ಕ್ ಅಪಿಯಾಕ್ಕೆ ಹೋಗಿ ಟಲೂನ್‌ನ ವಿಷಯಕ್ಕೂ ಆ ಗುಂಡಿನ ವಿಷಯಕ್ಕೂ ಕ್ಷಮೆ ಕೇಳಿದ್ದು 2002ರಲ್ಲಿ.

ಪ್ರಶ್ನಾರ್ಥಕ

ಉಳಿದ ಅರ್ಧವನ್ನೂ ಸೋತೆ ಎಂದುಕೊಳ್ಳಿ. ಆದರೂ ಬಾಗಿಲಿನ ವಿಷಯದಲ್ಲಿ ನನ್ನ ಜಗಳ ಜಾರಿಯಲ್ಲಿದೆ.

ನಿವೃತ್ತ ಮೇಷ್ಟ್ರು

ಜಗಳ ಇರಲಿ, ಆದರೆ ಊಟ ಮಾಡಿ ಮಲಗಿರಿ. ತಂಗಿ, ಇನ್ನೊಂದು ಕುತೂಹಲ. ನಮ್ಮವರು ಪ್ಲೇಗಿಗೆ ‘ಪ್ಲೇಗಮ್ಮ’ ಎಂದು ಗುಡಿ ಕಟ್ಟಿದರು. ಅವರು ಆ ಜ್ವರವನ್ನು ಏನೆಂದು ಕರೆಯುತ್ತಾರೆ? ಅಕ್ಕನನ್ನು ಕೇಳಿ ಹೇಳುತ್ತೀರಾ?

ಮಾಂಗೆರೆ ವಾಸಿ

ನಿನ್ನೆ ರಾತ್ರಿ ಪಾಳಿಯಲ್ಲಿ ಕೇಳಿದೆ ಮೇಷ್ಟ್ರೇ. ‘ಫಾಮಾಯಿ’ ಎಂದಳು, ನನ್ನ ಕಿವಿಗೆ ಕೇಳಿಸಿದ ಹಾಗೆ ಬರೆಯುತ್ತಿದ್ದೇನೆ. ‘ಮಾಯಿ’ ಎಂದರೆ ಕಾಯಿಲೆ, ಊರಿಗೆಲ್ಲ ಬರುವ ಕಾಯಿಲೆ ಫಾಮಾಯಿ. ನಮ್ಮ ಮಾರಿಗೂ ಅದಕ್ಕೂ ಸಂಬಂಧವಿಲ್ಲ, ಹಾಗಿದ್ದೂ ಮೈ ಜುಮ್ಮೆಂದಿತು. ನಮ್ಮಲ್ಲಿ ಮಾರಿಗೆ ಗುಡಿ ಕಟ್ಟುತ್ತೇವೆ ಎಂದು ಹೇಳಿದೆ. ಅವಳು ಬಹಳ ಹೊತ್ತು ಯೋಚಿಸಿ, ‘ಕಾಯಿಲೆಗೆ ಮನೆ ಕಟ್ಟುತ್ತೀರಾ? ಬಾಡಿಗೆ ಕೊಡುತ್ತದೆಯೇ?’ ಎಂದು ಕೇಳಿದಳು. ಇಬ್ಬರೂ ಬಾಯಿಗೆ ಸೆರಗು, ಬಟ್ಟೆ ಒತ್ತಿಕೊಂಡು ನಕ್ಕೆವು, ಒಳಗೆ ಮುದುಕರು ಮಲಗಿದ್ದರು. ಆಮೇಲೆ ಏಳನೇ ಕೋಣೆಯ ಗಂಟೆ ಬಾರಿಸಿತು. ನೀರು ಬೇಕಂತೆ. ಅಕ್ಕ ಎದ್ದು ಹೋದಳು.